ಕ್ಯಾಮೆರಾ ಹಕ್ಕಿಯನ್ನು ಇದ್ದ ಹಾಗೇ ತೋರಿಸುತ್ತದೆಯೇ?

ಹಕ್ಕಿಗಳ ಕುರಿತ ಕಿರುಚಿತ್ರ ನೋಡುವಾಗ ಅವುಗಳ ಬದುಕನ್ನು ಇದ್ದದ್ದು ಇದ್ದ ಹಾಗೆ ನೋಡುತ್ತಿದ್ದೇವೆ ಎಂದೇ ನಮಗೆ ಅನ್ನಿಸುತ್ತದೆ. ಇದು ಅರ್ಧ ಸತ್ಯ ಮಾತ್ರ.

ನಮ್ಮ ಕಣ್ಣಿಗೆ ನಿಲುಕದ ಎಷ್ಟೋ ಸಂಗತಿಗಳನ್ನು ಕ್ಯಾಮೆರಾ ತೋರಿಸಿಕೊಟ್ಟಿದೆ, ನಿಜ. 1882ರಲ್ಲಿ ಫ್ರಾನ್ಸಿನ ವಿಜ್ಞಾನಿ ಎಟಿಯೆನ್ ಜೂಲ್ಸ್ ಮಾರೆ ಬಂದೂಕಿನ ಆಕಾರದ ಕ್ಯಾಮೆರಾ ರೂಪಿಸಿದರು. ಹಾರುವ ಹಕ್ಕಿಗೆ ಗುರಿಯಿಟ್ಟು ಟ್ರಿಗರ್ ಒತ್ತಿದರೆ ಸೆಕೆಂಡಿಗೆ 12 ಚಿತ್ರ ಮೂಡುತ್ತಿದ್ದವು. ರೆಕ್ಕೆ ಬಡಿತದ ಒಂದೊಂದು ಹಂತವೂ ಬೇರೆಬೇರೆಯಾಗಿ ಕಂಡಿತು. ಮುಂದೆ ಸಿನಿಮಾ ಹುಟ್ಟಲು ಇಂಥ ಪ್ರಯೋಗಗಳೂ ದಾರಿ ಮಾಡಿಕೊಟ್ಟವು.

ಅಳತೆ ನಮ್ಮ ಕಣ್ಣಿನದು

ಆದರೆ ಸಿನಿಮಾ ಇರುವುದು ಮನುಷ್ಯರ ಕಣ್ಣಿನ ಅಳತೆಗೆ. ಸೆಕೆಂಡಿಗೆ 24 ಚಿತ್ರ ಓಡಿಸಿದರೆ ನಮಗೆ ಚಲನೆ ಸರಾಗವಾಗಿ ಕಾಣುತ್ತದೆ. ದೀಪವೊಂದು ಸೆಕೆಂಡಿಗೆ ಸುಮಾರು 60ಕ್ಕಿಂತ ಹೆಚ್ಚು ಸಲ ಮಿನುಗಿದರೆ ಸಾಮಾನ್ಯವಾಗಿ ಅದು ನಮಗೆ ಗೊತ್ತಾಗುವುದಿಲ್ಲ. ಯುರೋಪಿನ ಕೆಲವು ನೊಣಹಿಡುಕ ಹಕ್ಕಿಗಳು ಸೆಕೆಂಡಿಗೆ 140ರ ಆಸುಪಾಸಿನ ಮಿನುಗನ್ನೂ ಗುರುತಿಸುತ್ತವೆ ಎಂದು 2016ರಲ್ಲಿ ಪ್ರಕಟವಾದ ಅಧ್ಯಯನ ತೋರಿಸಿದೆ. ಹಳೆಯ ಚೋಕ್ ಇರುವ ಟ್ಯೂಬ್‌ಲೈಟ್ ಸೆಕೆಂಡಿಗೆ 100 ಸಲ ಮಿನುಗುತ್ತದೆ. ಅಂದರೆ ನಮಗೆ ಸ್ಥಿರವಾಗಿ ಕಾಣುವ ಆ ಬೆಳಕು ಇಂಥ ಹಕ್ಕಿಗಳಿಗೆ ಮಿನುಗುವಂತೆ ಕಾಣಬಹುದು.

ಬಣ್ಣದ ಕಥೆಯೂ ಹೀಗೆಯೇ. ಬಣ್ಣ ಗ್ರಹಿಸುವ ಶಂಕುಕೋಶಗಳು ನಮಗೆ ಮೂರು ಬಗೆ, ಹಗಲಲ್ಲಿ ಓಡಾಡುವ ಹೆಚ್ಚಿನ ಹಕ್ಕಿಗಳಿಗೆ ನಾಲ್ಕು. ಯುರೋಪಿನ ಬ್ಲೂ ಟಿಟ್ ಹಕ್ಕಿಗಳಲ್ಲಿ ಗಂಡು ಹೆಣ್ಣು ನಮಗೆ ಹೆಚ್ಚುಕಡಿಮೆ ಒಂದೇ ಥರ ಕಾಣುತ್ತವೆ. ನೇರಳಾತೀತ ಬೆಳಕನ್ನೂ ಕಾಣಬಲ್ಲ ಅವುಗಳಿಗೆ ಮಾತ್ರ ನೆತ್ತಿಯ ಗರಿಗಳ ಹೊಳಪಿನಲ್ಲೇ ವ್ಯತ್ಯಾಸ ತಿಳಿಯುತ್ತದೆ. ಸಾಮಾನ್ಯ ಕ್ಯಾಮೆರಾದಲ್ಲಿ ಅದು ದಾಖಲಾಗುವುದಿಲ್ಲ.

ಹಕ್ಕಿಯೂ ನಮ್ಮನ್ನು ನೋಡುತ್ತದೆ

ನಮ್ಮ ಗೊರವಂಕದ ಸಂಬಂಧಿಯಾದ ಸ್ಟಾರ್ಲಿಂಗ್ ಹಕ್ಕಿಗಳ ಮೇಲೆ ಬ್ರಿಟನ್ನಿನಲ್ಲಿ ಒಂದು ಪ್ರಯೋಗ ನಡೆಯಿತು. ಮನುಷ್ಯರು ದಿಟ್ಟಿಸಿ ನೋಡುತ್ತಿದ್ದಾಗ ಅವು ಆಹಾರದ ಬಳಿ ಬರಲು ತಡಮಾಡಿದವು. ನೋಟ ಬೇರೆಡೆ ಇದ್ದಾಗ ಬೇಗ ಬಂದವು. ಅಂದರೆ ನಾವು ನೋಡುವುದರಿಂದಲೇ ಹಕ್ಕಿಯ ನಡವಳಿಕೆ ಬದಲಾಗಬಹುದು.

ಗೂಡಿನ ಬಳಿ ಇದು ಜೀವದ ಪ್ರಶ್ನೆ. ನಾವು ಹತ್ತಿರ ನಿಂತಷ್ಟು ಹೊತ್ತು ತಾಯಿ ಹಕ್ಕಿ ದೂರವೇ ಉಳಿಯಬಹುದು. ಅಷ್ಟರಲ್ಲಿ ಮೊಟ್ಟೆ ತಣ್ಣಗಾಗಬಹುದು, ಇಲ್ಲವೇ ಬಿಸಿಲಿಗೆ ಕಾಯಬಹುದು. ಕಾಗೆಗಳಿಗೆ ಗೂಡಿನ ಸುಳಿವು ಸಿಗಬಹುದು. ಚಿತ್ರಕ್ಕೆ ಅಡ್ಡ ಬಂತೆಂದು ಕೊಂಬೆ ಕಡಿದರೆ ಮರಿಗಳಿಗಿದ್ದ ನೆರಳೂ ಮರೆಯೂ ಹೋಗುತ್ತವೆ.

ಆದ್ದರಿಂದ ಗೂಡಿನ ಹತ್ತಿರ ಹೋಗದೆ, ದೂರದಿಂದ, ಮರೆಯಲ್ಲಿದ್ದು ನೋಡುವುದೇ ಸರಿ. ಹಕ್ಕಿ ಕೊಕ್ಕಿನಲ್ಲಿ ಹುಳ ಹಿಡಿದುಕೊಂಡೂ ಗೂಡಿಗೆ ಹೋಗದೆ ಕೂಗುತ್ತಾ ಕೂತಿದ್ದರೆ, ಅದು ನೀವು ಹೋಗಲೆಂದು ಕಾಯುತ್ತಿರಬಹುದು. ಕ್ಯಾಮೆರಾ ಕೆಳಗಿಳಿಸಿ ಹಿಂದೆ ಸರಿಯಿರಿ.