ಕಂತಿನ ಕಳ್ಳತೂಕ

ಮಣ್ಣಗುಡ್ಡದ ಗೃಹಪ್ರವೇಶಗಳಲ್ಲಿ ಊಟದ ಪಂಕ್ತಿಯಲ್ಲಿ ಕುಳಿತ ನೆಂಟರು ಮನೆಯೊಡೆಯನನ್ನು ಕೇಳುವ ಪ್ರಶ್ನೆ ಒಂದೇ: “ಎಷ್ಟಕ್ಕಾಯಿತು?” ಉತ್ತರ ಎರಡು ಬಗೆಯದು. ಉತ್ತರಿಸುವವರು ಹಿರಿಯರಾದರೆ ಕ್ರಯಪತ್ರದಲ್ಲಿ ಬರೆದ ಮೊತ್ತವನ್ನು ಹೇಳುತ್ತಾರೆ. ಕಿರಿಯರಾದರೆ, “ತಿಂಗಳಿಗೆ ನಲವತ್ಮೂರು ಸಾವಿರ ಕಂತು, ಹೇಗೋ ಸುಧಾರಿಸಬಹುದು” ಎನ್ನುತ್ತಾರೆ. ಎರಡೂ ಉತ್ತರಗಳು ತಪ್ಪು. ಸುಳ್ಳಾಡುವ ಉದ್ದೇಶ ಇಬ್ಬರಿಗೂ ಇಲ್ಲ. ತಾವು ಕೊಂಡ ಮನೆಯ ಬೆಲೆ ಎಷ್ಟೆಂಬುದು ಇಬ್ಬರಿಗೂ ತಿಳಿದಿಲ್ಲ, ಅಷ್ಟೆ. ಕಿರ್ದಿ ಖಾತೆಗಳನ್ನು ಮಗ್ಗಿಯೊಡನೆಯೇ ಕಲಿತ ಸಮಾಜವೊಂದು ಈ ಸ್ಥಿತಿಗೆ ಬಂದಿರುವುದು ನಾಚಿಕೆಯ ಸಂಗತಿ.

ಶ್ರಾವಕನ ಅಚೌರ್ಯಾಣುವ್ರತಕ್ಕೆ ಹೇಳಲಾದ ಐದು ಅತಿಚಾರಗಳಲ್ಲಿ ಹೀನಾಧಿಕ ಮಾನೋನ್ಮಾನವೂ ಒಂದು. ಕೊಡುವಾಗ ಕಿರಿದಾದ ಅಳತೆ, ಕೊಳ್ಳುವಾಗ ಹಿರಿದಾದ ಅಳತೆ ಬಳಸುವ ದೋಷ ಅದು. ಅಂಗಡಿಯ ತಕ್ಕಡಿಗೆ ಈ ಮಾತು ಅನ್ವಯಿಸುತ್ತದೆಂಬುದನ್ನು ಯಾರೂ ಅಲ್ಲಗಳೆಯುವುದಿಲ್ಲ. ಅಕ್ಕಿಯ ಮೂಟೆ ಅರ್ಧ ಕಿಲೋ ಕಡಿಮೆ ಬಂದರೆ ಅದನ್ನು ಹಿಂದಕ್ಕೆ ಕಳುಹಿಸುವ ವ್ಯಾಪಾರಿ, ಇಪ್ಪತ್ತು ವರ್ಷಗಳ ಸಾಲಪತ್ರವನ್ನು ಮಾತ್ರ ತೂಗಿ ನೋಡದೆ ಸಹಿ ಹಾಕುತ್ತಾನೆ. ಮೋಸದ ಅಳತೆಯನ್ನು ಇನ್ನೊಬ್ಬರ ಮೇಲೆ ಪ್ರಯೋಗಿಸುವುದು ದೋಷವಾದರೆ, ತನ್ನ ಹೆಂಡತಿ ಮಕ್ಕಳ ಜೀವನವನ್ನೇ ಅಂಥ ಅಳತೆಯಲ್ಲಿ ಅಳೆಯುವುದು ಗುಣವಾಗಲಾರದು. ಪರಿಗ್ರಹ ಪರಿಮಾಣವ್ರತದ ಮಾತೂ ಇಷ್ಟೆ. ಆ ವ್ರತದಲ್ಲಿ ಮಿತಿ ಹಾಕಿಕೊಳ್ಳಬೇಕಾದ ಪದಾರ್ಥಗಳನ್ನು ಎಣಿಸುವಾಗ ಕ್ಷೇತ್ರದ ಬೆನ್ನಿಗೇ ವಾಸ್ತು, ಅಂದರೆ ಮನೆ, ಬರುತ್ತದೆ. ಪರಿಮಾಣವೇ ತಿಳಿಯದವನು ಮಿತಿಯನ್ನು ಹಾಕಿಕೊಳ್ಳುವುದಾದರೂ ಹೇಗೆ?

ಲೆಕ್ಕವನ್ನೇ ನೋಡಬಹುದು. ಮಣ್ಣಗುಡ್ಡದಲ್ಲಿ ಎರಡು ಕೋಣೆಗಳ ಒಂದು ಫ್ಲ್ಯಾಟಿನ ಬೆಲೆ 62,50,000 ರೂಪಾಯಿ ಎಂದಿರಲಿ. ಮೂವತ್ತು ಲಕ್ಷಕ್ಕೆ ಮೀರಿದ, ಎಪ್ಪತ್ತೈದು ಲಕ್ಷದೊಳಗಿನ ಗೃಹಸಾಲಕ್ಕೆ ಬೆಲೆಯ ಶೇಕಡಾ 80ಕ್ಕಿಂತ ಹೆಚ್ಚು ಕೊಡಕೂಡದೆಂದು ರಿಸರ್ವ್ ಬ್ಯಾಂಕಿನ ನಿಯಮವಿದೆ. ಆದುದರಿಂದ ಸಾಲ 50 ಲಕ್ಷ, ಉಳಿದ 12.5 ಲಕ್ಷ ಕೈಯಿಂದ. ಕಾರ್ಕಳ, ಮೂಡುಬಿದಿರೆ ಕಡೆಯ ಅಡಕೆ ತೋಟದ ಪಾಲೋ, ತಾಯಿಯ ಚಿನ್ನವೋ ಕರಗುವುದು ಇಲ್ಲಿಯೇ. ಕರ್ನಾಟಕದಲ್ಲಿ ಮುದ್ರಾಂಕ ಶುಲ್ಕವು ಅದರ ಮೇಲಿನ ಕರಗಳೂ ಸೇರಿ ಶೇಕಡಾ 5.6, ನೋಂದಣಿ ಶುಲ್ಕ 2025ರ ಆಗಸ್ಟ್ ಕೊನೆಯಿಂದ ಶೇಕಡಾ 1ರಿಂದ 2ಕ್ಕೆ ಏರಿದೆ. ಎರಡೂ ಸೇರಿ 4.75 ಲಕ್ಷ; ಇದಕ್ಕೆ ಬ್ಯಾಂಕು ಸಾಲ ಕೊಡುವುದಿಲ್ಲ. (ಕಟ್ಟಡ ಪೂರ್ಣವಾಗುವ ಮೊದಲೇ ಕೊಂಡರೆ ಜಿ.ಎಸ್.ಟಿ. ಬೇರೆ.)

ಇನ್ನು 50 ಲಕ್ಷದ ಸಾಲ. ಬಡ್ಡಿ ಶೇಕಡಾ 8.5, ಅವಧಿ 20 ವರ್ಷ ಎಂದರೆ ಮಾಸಿಕ ಕಂತು 43,391 ರೂಪಾಯಿ. ಇನ್ನೂರ ನಲವತ್ತು ಕಂತುಗಳ ಮೊತ್ತ 1 ಕೋಟಿ 4 ಲಕ್ಷ ದಾಟುತ್ತದೆ. ಅದರಲ್ಲಿ ಬಡ್ಡಿಯೇ 54 ಲಕ್ಷ, ಅಸಲಿಗಿಂತ ಹೆಚ್ಚು! ಕೈಯಿಂದ ಹಾಕಿದ್ದು, ಸರಕಾರಕ್ಕೆ ಕಟ್ಟಿದ್ದು, ಬ್ಯಾಂಕಿಗೆ ತೆತ್ತದ್ದು ಮೂರನ್ನೂ ಕೂಡಿಸಿದರೆ ಅರುವತ್ತೆರಡೂವರೆ ಲಕ್ಷದ ಮನೆ ಒಂದು ಕೋಟಿ ಇಪ್ಪತ್ತೊಂದು ಲಕ್ಷವನ್ನು ಮೀರುತ್ತದೆ. ಪಂಕ್ತಿಯಲ್ಲಿ ಕೇಳಿದ ಪ್ರಶ್ನೆಗೆ ಹತ್ತಿರದ ಉತ್ತರ ಇದು.

ಮೊತ್ತಕ್ಕಿಂತಲೂ ಮುಖ್ಯವಾದುದು ಅದರ ಒಳಹರಿವು. ಮೊದಲ ತಿಂಗಳ ಕಂತಿನಲ್ಲಿ 35,417 ರೂಪಾಯಿ ಬಡ್ಡಿಗೇ ಹೋಗುತ್ತದೆ. ಅಸಲಿಗೆ ಸೇರುವುದು 7,974 ರೂಪಾಯಿ ಮಾತ್ರ. ಐದು ವರ್ಷ ತಪ್ಪದೆ ಕಟ್ಟಿ 26 ಲಕ್ಷ ತೆತ್ತ ಮೇಲೂ ಬಾಕಿ 44 ಲಕ್ಷ. ಹತ್ತು ವರ್ಷ ಕಳೆದಾಗ, ಅರ್ಧ ಅವಧಿ ಮುಗಿದಾಗ, ಬಾಕಿ ಇನ್ನೂ 35 ಲಕ್ಷ. ಅಸಲು ಅರ್ಧಕ್ಕಿಳಿಯಲು ಹದಿನಾಲ್ಕು ವರ್ಷ ಬೇಕು. ಐದನೆಯ ವರ್ಷದಲ್ಲಿ ವರ್ಗಾವಣೆಯಾಗಿಯೋ ಅನಾರೋಗ್ಯದಿಂದಲೋ ಮನೆಯನ್ನು ಮಾರಬೇಕಾಗಿ ಬಂದವರು, “ಇಷ್ಟು ವರ್ಷ ಕಟ್ಟಿದ್ದೆಲ್ಲ ಎಲ್ಲಿ ಹೋಯಿತು?” ಎಂದು ಬ್ಯಾಂಕಿನ ಮೇಜಿನ ಮುಂದೆ ದಿಗ್ಭ್ರಾಂತರಾಗಿ ನಿಲ್ಲುತ್ತಾರೆ. ಬ್ಯಾಂಕು ಮೋಸ ಮಾಡಿಲ್ಲ. ಬಾಕಿಯ ಮೇಲೆ ಬಡ್ಡಿ ಎಂಬ ಹಳೆಯ ನಿಯಮದಂತೆಯೇ ಅದು ಲೆಕ್ಕ ಹಾಕಿದೆ. ಆ ಲೆಕ್ಕವನ್ನು ಮೊದಲೇ ಕೇಳಿ ನೋಡದಿದ್ದುದು ಗೃಹಸ್ಥನ ತಪ್ಪು.

ಕಂತಿನ ಭಾರ ಹೆಚ್ಚೆನಿಸಿದರೆ ಅವಧಿಯನ್ನು ಮೂವತ್ತು ವರ್ಷಕ್ಕೆ ಏರಿಸಿಕೊಳ್ಳಿ ಎಂಬ ಸಲಹೆ ಬರುತ್ತದೆ. ಕಳ್ಳತೂಕದ ಕಲ್ಲು ಅಡಗಿರುವುದು ಈ ಸಲಹೆಯಲ್ಲಿಯೇ. ಮೂವತ್ತು ವರ್ಷಕ್ಕೆ ಕಂತು 38,446 ರೂಪಾಯಿ. ತಿಂಗಳಿಗೆ ಐದು ಸಾವಿರ ಉಳಿಯಿತೆಂದು ಮನೆಮಂದಿ ಸಂತೋಷಪಡುತ್ತಾರೆ. ಆದರೆ ಒಟ್ಟು ಬಡ್ಡಿ 54 ಲಕ್ಷದಿಂದ 88 ಲಕ್ಷಕ್ಕೆ ಹೋಗಿರುತ್ತದೆ. ತಿಂಗಳ ಐದು ಸಾವಿರದ ಸೌಕರ್ಯಕ್ಕೆ ತೆತ್ತ ಬೆಲೆ ಮೂವತ್ತನಾಲ್ಕು ಲಕ್ಷ. ಅದೇ ಕುಟುಂಬ ಆರು ಸಾವಿರ ಹೆಚ್ಚು ಕಟ್ಟಿ ಹದಿನೈದು ವರ್ಷದಲ್ಲಿ ಮುಗಿಸುವುದಾದರೆ ಬಡ್ಡಿ 38.6 ಲಕ್ಷಕ್ಕೆ ಇಳಿಯುತ್ತದೆ.

ಈ ಲೆಕ್ಕಗಳೆಲ್ಲ ಬಡ್ಡಿದರ ಇಪ್ಪತ್ತು ವರ್ಷವೂ ಒಂದೇ ಇರುತ್ತದೆ ಎಂಬ ಊಹೆಯ ಮೇಲೆ ನಿಂತಿವೆ. ಅದು ಹಾಗೆ ಇರುವುದಿಲ್ಲ. 2020ರ ಮೇ ತಿಂಗಳಿನಿಂದ ಎರಡು ವರ್ಷ ರಿಸರ್ವ್ ಬ್ಯಾಂಕಿನ ರೆಪೊ ದರ ಶೇಕಡಾ 4ರಲ್ಲಿತ್ತು. ಗೃಹಸಾಲಗಳು ಶೇಕಡಾ 7ರ ಆಸುಪಾಸಿನಲ್ಲಿ ದೊರೆತವು. ಇದೇ ತಕ್ಕ ಕಾಲವೆಂದು ಎಷ್ಟೋ ಮಂದಿ ಮುನ್ನುಗ್ಗಿದರು. 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ಅದೇ ದರ ಎರಡೂವರೆ ಅಂಶ ಮೇಲೇರಿ 6.5 ಆಯಿತು. ಶೇಕಡಾ 7ರ ದರದಲ್ಲಿ 50 ಲಕ್ಷ ಪಡೆದಿದ್ದವರ ಇಪ್ಪತ್ತು ವರ್ಷದ ಕಂತು 38,765 ರೂಪಾಯಿ. ಅಸಲು 49 ಲಕ್ಷ ಉಳಿದಿರುವಾಗ ದರ ಶೇಕಡಾ 9.5 ಆದರೆ ಒಂದು ತಿಂಗಳ ಬಡ್ಡಿಯೇ 38,792 ರೂಪಾಯಿ. ಕಂತು ಬಡ್ಡಿಗೂ ಸಾಲದು! ಹಾಗೆಯೇ ಬಿಟ್ಟರೆ ಎಂದೆಂದಿಗೂ ತೀರದ ಸಾಲ ಅದು. ಹಲವೆಡೆ ಸಾಲಗಾರನ ಒಪ್ಪಿಗೆಯನ್ನೂ ಕೇಳದೆ ಅವಧಿಯನ್ನು ಉದ್ದಕ್ಕೆ ಎಳೆಯಲಾಯಿತು. ಕಂತು ಬದಲಾಗದಿದ್ದುದರಿಂದ ಮನೆಯವರಿಗೆ ಏನೂ ತಿಳಿಯಲಿಲ್ಲ. ನಿವೃತ್ತಿಯ ವರ್ಷವನ್ನು ಸಾಲ ದಾಟಿ ಹೋಗಿತ್ತು, ಅಷ್ಟೆ. 2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕು ಸುತ್ತೋಲೆ ಹೊರಡಿಸಿ, ದರ ಬದಲಾದಾಗ ಕಂತು ಏರಿಸಬೇಕೆ, ಅವಧಿ ಬೆಳೆಸಬೇಕೆ, ಸ್ಥಿರ ಬಡ್ಡಿಗೆ ಹೋಗಬೇಕೆ ಎಂಬ ಆಯ್ಕೆಯನ್ನು ಸಾಲಗಾರನಿಗೇ ಕೊಡಬೇಕೆಂದು ವಿಧಿಸಬೇಕಾಯಿತು. 2025ರಲ್ಲಿ ದರ ಮತ್ತೆ ಇಳಿಯತೊಡಗಿದಾಗ, ಹಳೆಯ ಸಾಲದ ಬಡ್ಡಿಯೂ ಇಳಿಯಿತೇ ಎಂದು ವಿಚಾರಿಸಲು ಬ್ಯಾಂಕಿಗೆ ಹೋದವರು ಎಷ್ಟು ಮಂದಿ?

ಎದುರು ವಾದಗಳಿಲ್ಲವೆಂದಲ್ಲ. “ಬಾಡಿಗೆ ಕೊಟ್ಟು ಹಣ ಹಾಳುಮಾಡುವುದಕ್ಕಿಂತ ಕಂತು ಕಟ್ಟುವುದು ಮೇಲು” ಎಂಬುದು ಮೊದಲನೆಯದು. ಬಡ್ಡಿಯೂ ಬಾಡಿಗೆಯೇ, ಮನೆಯದಲ್ಲ, ಹಣದ ಬಾಡಿಗೆ. ಮೊದಲ ತಿಂಗಳ 35,417 ರೂಪಾಯಿಯನ್ನು ಅದೇ ಕಟ್ಟಡದಲ್ಲಿ ಅಂಥದೇ ಫ್ಲ್ಯಾಟಿನ ಬಾಡಿಗೆಯೊಡನೆ ಹೋಲಿಸಿ ನೋಡಿದವರು ಮಾತ್ರ ಈ ವಾದವನ್ನು ಮುಂದುವರಿಸಲಿ.

“ತೆರಿಗೆ ಉಳಿಯುತ್ತದೆ” ಎಂಬುದು ಎರಡನೆಯದು. ಮೊದಲ ವರ್ಷದ ಬಡ್ಡಿ 4.21 ಲಕ್ಷ, ಹಳೆಯ ತೆರಿಗೆ ಪದ್ಧತಿಯಲ್ಲಿ ವಾಸದ ಮನೆಗೆ ಕಳೆಯಲು ಬರುವುದು ಹೆಚ್ಚೆಂದರೆ 2 ಲಕ್ಷ. 2023-24ರಿಂದ ತಾನಾಗಿಯೇ ಅನ್ವಯಿಸುವ ಹೊಸ ಪದ್ಧತಿಯಲ್ಲಿ ಅದೂ ಇಲ್ಲ.

ಮೂರನೆಯ ವಾದಕ್ಕೆ ಮಾತ್ರ ಬಲವಿದೆ. ಅದನ್ನು ಮರೆಮಾಚುವುದು ಅನ್ಯಾಯ. ರೂಪಾಯಿಯ ಮೌಲ್ಯ ಕುಗ್ಗುತ್ತದೆ. ವರ್ಷಕ್ಕೆ ಶೇಕಡಾ 6ರಂತೆ ಬೆಲೆಗಳು ಏರಿದರೆ ಇಪ್ಪತ್ತು ವರ್ಷಗಳ ಬಳಿಕ ಕಟ್ಟುವ 43,391 ರೂಪಾಯಿ ಇಂದಿನ ಹದಿಮೂರೂವರೆ ಸಾವಿರಕ್ಕೆ ಸಮ. ಆದುದರಿಂದ ಒಂದು ಕೋಟಿ ಇಪ್ಪತ್ತೊಂದು ಲಕ್ಷವನ್ನು ಇಂದೇ ಎಣಿಸಿಕೊಟ್ಟಂತೆ ಭಾವಿಸುವುದೂ ತಪ್ಪು ಅಳತೆಯೇ. ಆದರೆ ಈ ಸಮಾಧಾನ ದೊರೆಯುವುದು ಬೆಲೆಯೊಡನೆ ಸಂಬಳವೂ ಏರುವವನಿಗೆ. ಬಂದರಿನ ದಿನಸಿ ಅಂಗಡಿಯ ಲಾಭವನ್ನು ನಂಬಿದವನಿಗೆ, ಗುತ್ತಿಗೆಯ ನೌಕರಿಯಲ್ಲಿರುವ ಮಗನಿಗೆ ಅಂಥ ಭರವಸೆಯನ್ನು ಕೊಟ್ಟವರು ಯಾರು? ಕಂತು ಭಾರವಾಗುವುದು ಮೊದಲ ಹತ್ತು ವರ್ಷಗಳಲ್ಲಿ. ಮಕ್ಕಳ ಶಾಲೆ, ತಂದೆತಾಯಿಗಳ ಔಷಧ ಬರುವುದೂ ಆಗಲೇ.

ಈ ಅಜ್ಞಾನ ಬೇರೆಲ್ಲಿಯಾದರೂ ಕ್ಷಮ್ಯವಾಗುತ್ತಿತ್ತು. ಕೆನರಾ ಬ್ಯಾಂಕು 1906ರಲ್ಲಿ, ಕರ್ಣಾಟಕ ಬ್ಯಾಂಕು 1924ರಲ್ಲಿ, ವಿಜಯಾ ಬ್ಯಾಂಕು 1931ರಲ್ಲಿ ಹುಟ್ಟಿದ ಊರು ಮಂಗಳೂರು. ಉಡುಪಿಯಲ್ಲಿ 1925ರಲ್ಲಿ ಆರಂಭವಾಗಿ ಮುಂದೆ ಸಿಂಡಿಕೇಟ್ ಬ್ಯಾಂಕೆನಿಸಿದ ಸಂಸ್ಥೆಯು 1928ರಿಂದ ಮನೆಮನೆಗೆ ಹೋಗಿ ಎರಡೆರಡು ಆಣೆ ಸಂಗ್ರಹಿಸಿ ಪಿಗ್ಮಿ ಠೇವಣಿಯನ್ನು ಬೆಳೆಸಿತು. (ವಿಜಯಾ 2019ರಲ್ಲಿ, ಸಿಂಡಿಕೇಟ್ 2020ರಲ್ಲಿ ಬೇರೆ ಬ್ಯಾಂಕುಗಳಲ್ಲಿ ವಿಲೀನವಾದವು.) ಸಣ್ಣ ಮೊತ್ತ ಕಾಲದೊಡನೆ ಹೇಗೆ ದೊಡ್ಡದಾಗುತ್ತದೆ ಎಂಬುದನ್ನು ಪಿಗ್ಮಿಯ ಪುಸ್ತಕ ಈ ಜಿಲ್ಲೆಯ ಜನಕ್ಕೆ ಕಲಿಸಿತ್ತು. ಕಾಲವು ಆಗ ಉಳಿಸುವವನ ಪರವಾಗಿ ದುಡಿಯುತ್ತಿತ್ತು. ಸಾಲದಲ್ಲಿ ಅದೇ ಕಾಲ ಅವನ ವಿರುದ್ಧ ದುಡಿಯುತ್ತದೆ. ಒಂದನ್ನು ಬಲ್ಲವನು ಇನ್ನೊಂದನ್ನು ಅರಿಯದೆ ಹೋದದ್ದು ಸೋಜಿಗ.

ಎಲ್ಲಕ್ಕಿಂತ ಹೆಚ್ಚು ಖಂಡಿಸಬೇಕಾದದ್ದು ವೃದ್ಧರಿಂದ ಸಹಿ ಹಾಕಿಸುವ ರೂಢಿಯನ್ನು. ಮಗನ ಸಂಬಳ ಸಾಲದೆ ಬಂದಾಗ ಅರುವತ್ತು ದಾಟಿದ ತಂದೆಯ ಹೆಸರನ್ನು ಸಹಸಾಲಗಾರನೆಂದು ಸೇರಿಸುತ್ತಾರೆ. ಅಪ್ಪ ಓದದೆ ಸಹಿ ಮಾಡುತ್ತಾರೆ. ಮಗನ ಪತ್ರವನ್ನು ಓದಿ ನೋಡುವುದು ಅಪನಂಬಿಕೆಯಾದೀತೆಂಬ ಸಂಕೋಚ. ಮಗ ತಪ್ಪಿದರೆ ಪೂರ್ತಿ ಸಾಲಕ್ಕೆ ತಾನು ಹೊಣೆಯೆಂಬುದು ಅವರಿಗೆ ತಿಳಿಯುವುದು ನೋಟೀಸು ಬಂದ ದಿನ. ಸಾಲದೊಡನೆ ಜೋಡಿಸುವ ವಿಮೆಯ ಕಥೆಯೂ ಇದೇ. ಒಂದೂವರೆ ಲಕ್ಷದ ವಿಮಾ ಕಂತನ್ನು ಸಾಲದ ಮೊತ್ತಕ್ಕೇ ಸೇರಿಸಿದರೆ ಇಪ್ಪತ್ತು ವರ್ಷದಲ್ಲಿ ಅದು ಮೂರು ಲಕ್ಷ ಮೀರುತ್ತದೆ. ವಿಮೆ ಬೇಕು, ಅದನ್ನು ಸಾಲ ಕೊಟ್ಟವರಿಂದಲೇ, ಸಾಲದ ಹಣದಿಂದಲೇ ಕೊಳ್ಳಬೇಕೆಂದಿಲ್ಲ.

ಬಸದಿಗಳ ಆಡಳಿತ ಮಂಡಳಿಗಳಿಗೂ ಇಲ್ಲಿ ಒಂದು ಮಾತು ಸಲ್ಲುತ್ತದೆ. ಅಭಿಷೇಕದ ಕಲಶದ ಸವಾಲಿನಲ್ಲಿ ಗೃಹಸಾಲದ ಕಂತು ಕಟ್ಟುತ್ತಿರುವ ತರುಣನೂ ನೆರೆದವರ ಮುಂದೆ ಹಿಂಜರಿಯಲಾರದೆ ಕೂಗುತ್ತಾನೆ. ಆ ವರ್ಷ ಅವನು ಅಸಲಿಗೆ ಕಟ್ಟಬಹುದಾಗಿದ್ದ ಹಣ ಅದು. ವರ್ಷಕ್ಕೆ ಒಂದೇ ಒಂದು ಕಂತನ್ನು ಹೆಚ್ಚಾಗಿ ಕಟ್ಟಿದರೆ ಮೇಲೆ ಹೇಳಿದ ಇಪ್ಪತ್ತು ವರ್ಷದ ಸಾಲ ಮೂರು ವರ್ಷಕ್ಕೂ ಮೊದಲೇ ತೀರಿ, ಹತ್ತು ಲಕ್ಷದಷ್ಟು ಬಡ್ಡಿ ಉಳಿಯುತ್ತದೆ. ಬದಲಾಗುವ ಬಡ್ಡಿಯ ಗೃಹಸಾಲವನ್ನು ಮುಂಚಿತವಾಗಿ ತೀರಿಸುವ ವ್ಯಕ್ತಿಗಳ ಮೇಲೆ ದಂಡ ಹಾಕುವುದನ್ನು ರಿಸರ್ವ್ ಬ್ಯಾಂಕು 2012ರಲ್ಲಿಯೇ ಬ್ಯಾಂಕುಗಳಿಗೆ ನಿಷೇಧಿಸಿದೆ. ಸಾಲ ತೀರಿದ ಮೇಲೆ ಬರಲಿ, ದೇವರು ಕಾಯುತ್ತಾನೆ ಎಂದು ಅಂಥ ತರುಣನಿಗೆ ಹೇಳಬಲ್ಲ ಟ್ರಸ್ಟಿಗಳು ಬೇಕು.

ಅವರಿಂದ ಇನ್ನೂ ಒಂದು ಕೆಲಸವಾಗಬಹುದು. 2024ರ ಅಕ್ಟೋಬರ್ 1ರಿಂದ ಮಂಜೂರಾಗುವ ಪ್ರತಿಯೊಂದು ಗೃಹಸಾಲಕ್ಕೂ ಬ್ಯಾಂಕುಗಳು ಸಾಲದ ಮುಖ್ಯ ಸಂಗತಿಗಳ ಹೇಳಿಕೆಯೊಂದನ್ನು ಕೊಡಬೇಕು. ಎಲ್ಲ ಶುಲ್ಕಗಳೂ ಸೇರಿದ ವಾರ್ಷಿಕ ದರ, ಪ್ರತಿ ಕಂತಿನಲ್ಲಿ ಬಡ್ಡಿಯೆಷ್ಟು ಅಸಲೆಷ್ಟು ಎಂಬ ಪಟ್ಟಿ ಅದರಲ್ಲಿರಬೇಕು. ಅದು ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿರಬೇಕು. ಯೋಚಿಸಲು ಕನಿಷ್ಠ ಮೂರು ಕೆಲಸದ ದಿನಗಳ ಅವಕಾಶವಿರಬೇಕು. ಕನ್ನಡದಲ್ಲಿ ಕೊಡಿ ಎಂದು ಕೇಳುವ ಹಕ್ಕು ಮಣ್ಣಗುಡ್ಡದ ಗೃಹಿಣಿಗೂ ಇದೆ. ಬಸದಿಯ ಲೆಕ್ಕಪತ್ರ ನೋಡುವ ನಿವೃತ್ತ ಬ್ಯಾಂಕ್ ನೌಕರರು, ಲೆಕ್ಕ ಪರಿಶೋಧಕರು ಪ್ರತಿ ಮಂಡಳಿಯಲ್ಲೂ ಇದ್ದಾರೆ. ತಿಂಗಳಿಗೊಂದು ಭಾನುವಾರ ಪೂಜೆ ಮುಗಿದ ಬಳಿಕ ಒಂದು ಗಂಟೆ ಸಭಾಭವನದಲ್ಲಿ ಕುಳಿತು, ಈ ಹೇಳಿಕೆಯನ್ನು ಹಿಡಿದು ಬಂದ ಮನೆಯವರಿಗೆ, ತಂದೆ ತಾಯಿ ಸೊಸೆಯಂದಿರೆಲ್ಲರ ಎದುರಿನಲ್ಲೇ, ಅದರ ಕೊನೆಯ ಸಾಲಿನ ಮೊತ್ತದವರೆಗೂ ಓದಿ ಹೇಳುವುದು ಅವರಿಗೆ ಕಷ್ಟದ ಕೆಲಸವಲ್ಲ. ಸಹಿ ಬೀಳುವುದಕ್ಕೆ ಮೊದಲು.