ಅಂಗಡಿ ಬಾಗಿಲು ಹಾಕಿಸುವ ಮುನ್ನ

ಎರಡನೇ ಮಹಾಯುದ್ಧ ಮುಗಿದಿದ್ದರೂ ಸಿಲೋನ್‌ನಲ್ಲಿ ಬಟ್ಟೆಗೆ ಇನ್ನೂ ಕೂಪನ್ ಇದ್ದ ಕಾಲ. ಕೂಪನ್ ಲೆಕ್ಕದಲ್ಲಿ ಮೋಸ ನಡೆದಿದೆ ಎಂಬ ಶಂಕೆಯಿಂದ ಜವಳಿ ನಿಯಂತ್ರಕರು ಒಬ್ಬ ವರ್ತಕನ ಲೈಸೆನ್ಸ್ ರದ್ದು ಮಾಡಿದರು. ನಕ್ಕುಡ ಅಲಿ ಪ್ರಕರಣವೆಂದು ಹೆಸರಾದ ಈ ವ್ಯಾಜ್ಯ ಲಂಡನ್ನಿನ ಪ್ರಿವಿ ಕೌನ್ಸಿಲ್‌ವರೆಗೆ ಹೋಯಿತು. ಲೈಸೆನ್ಸ್ ಎಂಬುದು ಸವಲತ್ತು. ಅದನ್ನು ಹಿಂಪಡೆಯುವ ಅಧಿಕಾರಿ ನ್ಯಾಯಾಧೀಶನಂತೆ ನಡೆದುಕೊಳ್ಳಬೇಕಿಲ್ಲ ಎಂದು 1950ರಲ್ಲಿ ತೀರ್ಪು ಬಂತು. ಕೊಟ್ಟ ಕೈಯೇ ಕಿತ್ತುಕೊಳ್ಳಬಹುದು ಎಂಬುದು ಅದರ ಸಾರ.

ಅಲ್ಲಿಂದ ಕಾನೂನು ಬಹು ದೂರ ನಡೆದು ಬಂದಿದೆ. 1963ರಲ್ಲಿ ಬ್ರಿಟನ್ನಿನ ಹೌಸ್ ಆಫ್ ಲಾರ್ಡ್ಸೇ ಈ ತರ್ಕವನ್ನು ಒಪ್ಪಲಿಲ್ಲ. 1969ರಲ್ಲಿ ನಮ್ಮ ಸುಪ್ರೀಂ ಕೋರ್ಟ್‌ನಲ್ಲಿ ಕ್ರೈಪಾಕ್ ಪ್ರಕರಣದ ತೀರ್ಪು ಬರೆದವರು ಕಾರ್ಕಳ ಸೀಮೆಯ ನ್ಯಾಯಮೂರ್ತಿ ಕೆ.ಎಸ್. ಹೆಗ್ಡೆ. ಆಡಳಿತದ ಆದೇಶಕ್ಕೂ ಅರೆನ್ಯಾಯಿಕ ಆದೇಶಕ್ಕೂ ನಡುವಿನ ಗೆರೆ ಅಳಿಸಿಹೋಗುತ್ತಿದೆ, ಸಹಜ ನ್ಯಾಯ, ಅಂದರೆ ಪಕ್ಷಪಾತವಿಲ್ಲದೆ ಅಹವಾಲು ಕೇಳಿ ನಿರ್ಧರಿಸುವುದು, ಎರಡಕ್ಕೂ ಬೇಕು ಎಂದು ಅವರು ಸ್ಪಷ್ಟಪಡಿಸಿದರು. 1985ರ ಓಲ್ಗಾ ಟೆಲ್ಲಿಸ್ ತೀರ್ಪು ಜೀವನೋಪಾಯವನ್ನು ಬದುಕುವ ಹಕ್ಕಿನೊಳಗೆ ಸೇರಿಸಿತು. ಸವಲತ್ತು ಎನಿಸಿಕೊಂಡಿದ್ದು ಹೀಗೆ ಅನ್ನದ ಪ್ರಶ್ನೆಯಾಯಿತು.

ಲೈಸೆನ್ಸ್ ರದ್ದು ಮಾಡುವ ಮುನ್ನ ನೋಟಿಸ್ ಕೊಡಬೇಕೇ ಎಂಬ ಪ್ರಶ್ನೆ ಇಂದು ಹೆಚ್ಚು ಕಡಿಮೆ ಇತ್ಯರ್ಥವಾಗಿದೆ. ಆ ನೋಟಿಸಿನಲ್ಲಿ ಏನಿರಬೇಕು ಎಂಬಲ್ಲಿ ತಕರಾರು ಮುಗಿದಿಲ್ಲ. ಫೆಡ್ಕೊ ಕಂಪನಿಯ ಆಮದು ಲೈಸೆನ್ಸ್ ಪ್ರಕರಣದಲ್ಲಿ ವಂಚನೆಯ ಆರೋಪವಿತ್ತು, ವಿವರವಿರಲಿಲ್ಲ. ಸುಪ್ರೀಂ ಕೋರ್ಟ್‌ನ ಬಹುಮತದ ತೀರ್ಪಿಗೆ ಅಷ್ಟೇ ಸಾಕಾಯಿತು. ಸಾಲದು ಎಂದು ಭಿನ್ನ ತೀರ್ಪು ಬರೆದವರು ನ್ಯಾಯಮೂರ್ತಿ ಸುಬ್ಬರಾವ್. ಕಾಲ ಅವರ ಕಡೆಗೇ ವಾಲಿದೆ. 2010ರಲ್ಲಿ ಓರಿಕ್ಸ್ ಫಿಶರೀಸ್ ಎಂಬ ಸಮುದ್ರಾಹಾರ ರಫ್ತುದಾರ ಕಂಪನಿಗೆ ಬಂದ ಕಾರಣ ಕೇಳಿ ನೋಟಿಸಿನಲ್ಲೇ ತಪ್ಪು ಸಾಬೀತಾಗಿದೆ ಎಂದು ಬರೆದಿದ್ದನ್ನು ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ಮೊದಲೇ ತೀರ್ಮಾನಿಸಿ ಉತ್ತರ ಕೇಳುವುದು ಬರೀ ಶಾಸ್ತ್ರ. ಯೋಚಿಸಿರುವ ಶಿಕ್ಷೆ ಯಾವುದೆಂಬುದೂ ನೋಟಿಸಿನಿಂದ ತಿಳಿಯಬೇಕು ಎಂದು 2014ರಲ್ಲಿ, ಕಪ್ಪುಪಟ್ಟಿಗೆ ಸೇರಿಸುವ ವಿಚಾರದಲ್ಲಿ, ಅದೇ ಕೋರ್ಟ್ ಹೇಳಿತು.

ತೀರ್ಪುಗಳ ಈ ಬೆಳಕು ಕಚೇರಿಯ ಮೇಜಿನವರೆಗೆ ಇನ್ನೂ ಪೂರ್ತಿ ತಲುಪಿಲ್ಲ. ಜಿಎಸ್‌ಟಿ ನೋಂದಣಿಯನ್ನೇ ನೋಡಿ. ಅಹವಾಲು ಕೇಳದೆ ರದ್ದು ಮಾಡಬಾರದೆಂದು 2017ರ ಕಾಯ್ದೆಯ 29ನೇ ಸೆಕ್ಷನ್ ಹೇಳುತ್ತದೆ. ಉತ್ತರ ಕೊಡಲು ನಿಯಮದಲ್ಲಿ 7 ಕೆಲಸದ ದಿನಗಳಿವೆ. ಆದರೆ ನೋಟಿಸ್ ಬರುವುದು ಪೋರ್ಟಲ್‌ಗೆ. ಎಷ್ಟೋ ಸಣ್ಣ ವರ್ತಕರ ಪಾಸ್‌ವರ್ಡ್ ಇರುವುದು ಲೆಕ್ಕ ಬರೆಯುವವರ ಬಳಿ. ಅವರು ನೋಡಿ ಹೇಳುವಷ್ಟರಲ್ಲಿ ಗಡುವು ತೀರಿರಬಹುದು. ತೆರೆದು ನೋಡಿದರೂ ಒಂದು ಸಾಲಿನ ಕಾರಣ. ಇಂಥ ಮೂಕ ನೋಟಿಸುಗಳನ್ನೂ ಆದೇಶಗಳನ್ನೂ 2022ರಲ್ಲಿ ಗುಜರಾತ್ ಹೈಕೋರ್ಟ್ ರದ್ದುಪಡಿಸಿತು. ಕೋರ್ಟ್ ಮೆಟ್ಟಿಲು ಹತ್ತುವ ಶಕ್ತಿ ಎಲ್ಲರಿಗೂ ಇರುವುದಿಲ್ಲ. ನೋಂದಣಿ ಹೋದರೆ ತೆರಿಗೆ ಬಿಲ್ ಬರೆಯುವಂತಿಲ್ಲ. ಬಿಲ್ ಇಲ್ಲದವನ ಬಳಿ ದೊಡ್ಡ ಗಿರಾಕಿ ನಿಲ್ಲುವುದಿಲ್ಲ.

ವಿಷಪೂರಿತ ಆಹಾರ ಮಾರುವವನಿಗೂ ದಿನಗಟ್ಟಲೆ ಕಾಲಾವಕಾಶ ಬೇಕೇ ಎಂಬ ಪ್ರಶ್ನೆ ನ್ಯಾಯವಾದದ್ದೇ. ಅದಕ್ಕೆ 2006ರ ಆಹಾರ ಸುರಕ್ಷತಾ ಕಾಯ್ದೆಯಲ್ಲಿ ಉತ್ತರವಿದೆ. ಮೊದಲು ಸುಧಾರಣಾ ನೋಟಿಸ್, ಕನಿಷ್ಠ 14 ದಿನ, ಆಮೇಲೆ ಅಮಾನತು, ಕೊನೆಗೆ, ಅಹವಾಲು ಕೇಳಿ, ರದ್ದು. ಜನರ ಆರೋಗ್ಯಕ್ಕೆ ಅಪಾಯವಿದ್ದರೆ ಕಾರಣ ಬರೆದಿಟ್ಟು ಕೂಡಲೇ ಅಮಾನತು ಮಾಡಬಹುದು. ತುರ್ತು ಇರುವಲ್ಲಿ ಬೀಗ ಹಾಕಲಿ. ಬೀಗದ ಕೈ ಎಸೆಯುವ ಮೊದಲು ಅವನ ಮಾತು ಕೇಳಲಿ.

ಎಲ್ಲ ಲೈಸೆನ್ಸಿಗೂ ಇದೇ ಕ್ರಮ ಬರಬೇಕು. ಯಾವ ತಪ್ಪು, ಯಾವ ಆಧಾರ, ಯಾವ ಶಿಕ್ಷೆ ಎಂಬ ಮೂರೂ ವರ್ತಕ ಓದಬಲ್ಲ ಭಾಷೆಯಲ್ಲಿ, ಅವನ ಕೈಗೇ ತಲುಪಬೇಕು. ಉತ್ತರ ಓದಿದ ಮೇಲೂ ರದ್ದು ಮಾಡುವ ಅಧಿಕಾರ ಅಧಿಕಾರಿಗೆ ಇದ್ದೇ ಇರುತ್ತದೆ. ಅವರು ಕಳೆದುಕೊಳ್ಳುವುದು ಕೆಲವು ದಿನಗಳನ್ನು. ಕೇಳದೆ ಹೋದರೆ ವರ್ತಕ ಕಳೆದುಕೊಳ್ಳುವುದು ವರ್ಷಗಳ ದುಡಿಮೆಯನ್ನು.