ಅಧಿಕಾರಿಯ ಆಳ್ವಿಕೆಗೆ ಮತ್ತೆ ಮರಳಬೇಕೆ?

1834ರಲ್ಲಿ ಚಿಕ್ಕವೀರರಾಜನನ್ನು ಪದಚ್ಯುತಗೊಳಿಸಿದ ಬ್ರಿಟಿಷರು, ಕೊಡಗಿನ ಜನರನ್ನು ಅರಸನ ಕ್ರೌರ್ಯದಿಂದ ಪಾರು ಮಾಡಿದೆವೆಂದು ಹೇಳಿಕೊಂಡರು. ಆದರೆ ಅಧಿಕಾರ ಪ್ರಜೆಗಳಿಗೆ ಬರಲಿಲ್ಲ; ಅರಸನ ಜಾಗಕ್ಕೆ ಅಧಿಕಾರಿ ಬಂದ. ಮೈಸೂರಿನ ರೆಸಿಡೆಂಟರೇ ಚೀಫ್ ಕಮಿಷನರ್ ಆಗಿ ಬೆಂಗಳೂರಿನಿಂದಲೇ ಈ ಸೀಮೆಯನ್ನು ದೀರ್ಘಕಾಲ ಆಳಿದರು. 1924ರಲ್ಲಿ ಶಾಸನ ಪರಿಷತ್ತು ಸ್ಥಾಪನೆಯಾಯಿತಾದರೂ ಮತದ ಹಕ್ಕು ಎಲ್ಲರಿಗೂ ದೊರೆಯಲಿಲ್ಲ, ಕೊನೆಯ ಮಾತು ಚೀಫ್ ಕಮಿಷನರರದೇ ಆಗಿತ್ತು.

ನಿಜವಾದ ಬದಲಾವಣೆ ಬಂದದ್ದು 1952ರಲ್ಲಿ. 1951ರ ಜನಗಣತಿಯಂತೆ ಕೇವಲ 2,29,405 ಜನರಿದ್ದ ಈ ಪುಟ್ಟ ‘ಸಿ’ ದರ್ಜೆಯ ರಾಜ್ಯ 24 ಶಾಸಕರನ್ನು ಆರಿಸಿತು. ತೋಟದ ಮಾಲೀಕನ ಮತಕ್ಕಿದ್ದಷ್ಟೇ ಬೆಲೆ ಲೈನ್‌ಮನೆಯ ಕಾರ್ಮಿಕನ ಮತಕ್ಕೂ ದೊರೆಯಿತು. ಕಾಂಗ್ರೆಸ್ 15 ಸ್ಥಾನ ಗಳಿಸಿ ಸಿ.ಎಂ. ಪೂಣಚ್ಚ ಮುಖ್ಯಮಂತ್ರಿಯಾದರು. ಮೈಸೂರಿನೊಡನೆ ವಿಲೀನ ಬೇಡವೆಂದ ತಕ್ಕಡಿ ಗುರುತಿನ ಪಕ್ಷೇತರರು 9 ಸ್ಥಾನಗಳಲ್ಲಿ ಗೆದ್ದರು. ನಾಡಿನ ಭವಿಷ್ಯದ ಪ್ರಶ್ನೆಯನ್ನು ಇಲ್ಲಿನ ಜನ ಬೀದಿಕಾಳಗದಿಂದಲ್ಲ, ಮತಪೆಟ್ಟಿಗೆಯ ಮೂಲಕ ಎದುರಿಸಿದರೆಂಬುದು ಸಣ್ಣ ಮಾತಲ್ಲ.

1956ರ ನವೆಂಬರ್ 1ರಂದು ಕೊಡಗು ಮೈಸೂರು ರಾಜ್ಯದ ಜಿಲ್ಲೆಯಾಯಿತು. 24 ಶಾಸಕರಿದ್ದ ನಾಡಿಗೆ ಇಂದು ಮಡಿಕೇರಿ, ವಿರಾಜಪೇಟೆ ಎಂಬ ಎರಡೇ ವಿಧಾನಸಭಾ ಕ್ಷೇತ್ರಗಳಿವೆ. ದೊಡ್ಡ ರಾಜ್ಯದಲ್ಲಿ ಇದು ಅನಿವಾರ್ಯ. ವಿಲೀನವನ್ನು ನಾನು ಪ್ರಶ್ನಿಸುತ್ತಿಲ್ಲ. ಆದರೆ ಕಳೆದುಹೋದ ಆ ಸಾಮೀಪ್ಯವನ್ನು ತುಂಬಿಕೊಡಬೇಕಾದುದು ಪಂಚಾಯತಿ ವ್ಯವಸ್ಥೆ. ಐದು ವರ್ಷದ ಅವಧಿ ಮುಗಿಯುವ ಮುನ್ನವೇ ಚುನಾವಣೆ ನಡೆಯಬೇಕೆಂದು ಸಂವಿಧಾನದ 243ಇ ವಿಧಿ ಹೇಳುತ್ತದೆ. ಆದರೂ 2016ರಲ್ಲಿ ಚುನಾಯಿತವಾದ ಜಿಲ್ಲಾ ಮತ್ತು ತಾಲ್ಲೂಕು ಪಂಚಾಯತಿಗಳ ಅವಧಿ 2021ರಲ್ಲಿ ಮುಗಿದ ಮೇಲೆ, ಕ್ಷೇತ್ರ ಪುನರ್ವಿಂಗಡಣೆ, ಮೀಸಲಾತಿಗಳ ಹೆಸರಿನಲ್ಲಿ ವರ್ಷಗಟ್ಟಲೆ ಚುನಾವಣೆ ಮುಂದೆ ಹೋಯಿತು. ರಾಜ್ಯದೆಲ್ಲೆಡೆ ಆಡಳಿತಾಧಿಕಾರಿಗಳು ಬಂದು ಕುಳಿತರು. ಪಕ್ಷ ಬದಲಾದರೂ ಈ ಚಾಳಿ ಬದಲಾಗಲಿಲ್ಲ.

ಅಧಿಕಾರಿಗಳು ಅದಕ್ಷರೆಂದು ನಾನು ಹೇಳಲಾರೆ. ನಾನೂ ಆ ಕುರ್ಚಿಯಲ್ಲಿ ಕುಳಿತವನೇ. ಆದರೆ ಅಧಿಕಾರಿ ಉತ್ತರ ಹೇಳುವುದು ಮೇಲಿನವರಿಗೆ. ಸದಸ್ಯ ಉತ್ತರ ಹೇಳಬೇಕಾದುದು ಕೆಳಗಿನವರಿಗೆ. 2018ರ ಆಗಸ್ಟ್‌ನಲ್ಲಿ ಗುಡ್ಡಗಳೇ ಕುಸಿದ ಈ ಜಿಲ್ಲೆಯಲ್ಲಿ ಯಾವ ರಸ್ತೆ ಮೊದಲು, ಯಾರಿಗೆ ಮನೆ ಎಂಬ ಪ್ರಶ್ನೆಗಳು ಬರೀ ಕಡತದ ವಿಷಯಗಳಲ್ಲ. ಅವು ಬಹಿರಂಗ ಸಭೆಯಲ್ಲಿ ಚರ್ಚೆಯಾಗಬೇಕು, ಉತ್ತರಿಸದವನನ್ನು ಜನ ಸೋಲಿಸುವಂತಿರಬೇಕು.

ನಿರಂಕುಶ ಆಳ್ವಿಕೆ ಸೈನ್ಯದೊಡನೆಯೇ ಬರಬೇಕೆಂದಿಲ್ಲ. ಮುಂದೂಡಿಕೆಯ ಆದೇಶವೊಂದರ ಬೆನ್ನೇರಿ ಸದ್ದಿಲ್ಲದೆಯೂ ಬರಬಲ್ಲದು. ಸ್ಥಳೀಯ ಚುನಾವಣೆಯ ದಿನವನ್ನು ನಿಗದಿ ಮಾಡುವುದು ಸರ್ಕಾರದ ಔದಾರ್ಯವಾಗಬಾರದು. ಅವಧಿ ಮುಗಿಯುವ ಮುನ್ನ ಪುನರ್ವಿಂಗಡಣೆ, ಮೀಸಲಾತಿ ಪಟ್ಟಿಗಳು ಸಿದ್ಧವಾಗದಿದ್ದರೆ ಹಿಂದಿನ ಪಟ್ಟಿಯ ಮೇಲೆಯೇ ಚುನಾವಣೆ ನಡೆಸುವಂತೆ ಕಾನೂನಿನಲ್ಲಿ ಸ್ಪಷ್ಟ ಅವಕಾಶವಿರಬೇಕು.